ಬಿಳಿ ಟಗರು ಬಂದ ವರ್ಷ

ಜೀಪು ಬಂದು ಭೂಪಾಲನ ಹೊಲದ ಬದುವಿಗೆ ನಿಂತಾಗ ಕೆಂಚವ್ವ ರಾಟಿ ತಿರುಗಿಸುತ್ತ ಕೂತಿದ್ದಳು. ಮುಂದಿನ ಸೀಟಿನಿಂದ ಗಂಡ ಲಗಮಣ್ಣ ಇಳಿದ. ಮೊಣಕಾಲು ನೋವಿಗೆ ಎಣ್ಣೆ ತರುತ್ತೇನೆಂದು ಬೆಳಿಗ್ಗೆ ಬಸ್ಸು ಹತ್ತಿ ಚಿಕ್ಕೋಡಿಗೆ ಹೋದ ಮನುಷ್ಯ ಸರಕಾರದ ಜೀಪಿನಲ್ಲಿ ಹಲ್ಲು ಕಿಸಿಯುತ್ತ ಬಂದಿದ್ದಾನೆಂದರೆ ಏನೋ ಭಾನಗಡಿ ಮಾಡಿಕೊಂಡೇ ಬಂದಿದ್ದಾನೆ ಎಂದು ಆಕೆಗೆ ಆಗಲೇ ಅನಿಸಿತು.

ಎಂಬತ್ತೈದನೇ ಇಸವಿ. ದೀಪಾವಳಿ ಮುಗಿದು ಹದಿನೈದು ದಿನವಾಗಿತ್ತು. ಅವರ ಊರು ರಾಯಬಾಗದ ಹತ್ತಿರ. ಪ್ರತಿವರ್ಷ ಆ ಹೊತ್ತಿಗೆ ಕುರಿ ಹೊಡೆದುಕೊಂಡು ಸದಲಗಾದ ದೂಧಗಂಗೆಯ ದಂಡೆಗೆ ಬರುವುದು ಅವರ ರೂಢಿ. ಭೂಪಾಲ ಜೈನರ ಪೈಕಿ ದೊಡ್ಡ ರೈತ. ಕಬ್ಬು ಕಡಿದ ಹೊಲಗಳಲ್ಲಿ ಒಂದೊಂದು ರಾತ್ರಿ ಒಂದೊಂದು ಕಡೆ ಕುರಿ ಕೂರಿಸಿ ಗೊಬ್ಬರ ಹಾಕಿಸಿಕೊಂಡು, ಬದಲಿಗೆ ಜೋಳ ಅಳೆದು ಕೊಡುತ್ತಿದ್ದ. ಕೆಂಚವ್ವನ ಹಿಂಡಿನಲ್ಲಿ ಐವತ್ತು ಕುರಿ, ನಾಲ್ಕು ಟಗರು. ಎಲ್ಲವೂ ಕರೀ ಕುರಿಗಳೇ. ಆ ಉಣ್ಣೆಯನ್ನು ಆಕೆಯೇ ಹಿಂಜಿ ನೂಲುತ್ತಿದ್ದಳು. ಊರಿನ ದುರಗಪ್ಪ ಅದರಿಂದ ಕಂಬಳಿ ನೇಯುತ್ತಿದ್ದ.

ಜೀಪಿನ ಹಿಂದಿನಿಂದ ಇಬ್ಬರು ಸೇರಿ ಒಂದು ಪ್ರಾಣಿಯನ್ನು ಇಳಿಸಿದರು. ಟಗರೇ, ಆದರೆ ಆಕೆ ಕಂಡ ಟಗರುಗಳ ಹಾಗಲ್ಲ. ಹಣೆಯಿಂದ ಗೊರಸಿನವರೆಗೂ ಬೆಳ್ಳಗಿನ ಉಣ್ಣೆ. ಕಣ್ಣು ಉಣ್ಣೆಯೊಳಗೆ ಮುಳುಗಿಹೋಗಿದ್ದವು. ಮೂಗು ಕೆಂಪಗೆ, ಕೊರಳಲ್ಲಿ ಚರ್ಮ ಮಡಿಕೆ ಮಡಿಕೆಯಾಗಿ ಜೋತುಬಿದ್ದಿತ್ತು.

"ಪರದೇಶದ ತಳಿ ಐತಿ," ಅಂದ ಲಗಮಣ್ಣ. "ಉಣ್ಣಿ ಮುಟ್ಟಿ ನೋಡ. ರೇಷ್ಮಿ ಆಗೇತಿ."

ಕೆಂಚವ್ವ ಮುಟ್ಟಲಿಲ್ಲ. "ಎಷ್ಟಕ್ಕ ತಂದ್ರಿ?"

"ಪುಕ್ಕಟ ಕೊಟ್ಟಾರ."

"ಯಾಕ?"

ಲಗಮಣ್ಣನಿಗೆ ಈ ಪ್ರಶ್ನೆ ಹೊಳೆದೇ ಇರಲಿಲ್ಲ. ಅವನು ಜೀಪಿನ ಕಡೆ ನೋಡಿದ. ಅಷ್ಟರಲ್ಲಿ ತೆಳ್ಳಗಿನ ಒಬ್ಬ ಮನುಷ್ಯ, ಕೈಯಲ್ಲಿ ತಗಡಿನ ಪೆಟ್ಟಿಗೆ, ಬಗಲಲ್ಲಿ ಉದ್ದನೆಯ ರಜಿಸ್ಟರ್ ಹಿಡಿದು ಹತ್ತಿರ ಬಂದ. ಹೆಸರು ಶ್ರೀಪಾಲ, ಶೇಡಬಾಳದ ಜೈನ, ಕುರಿ ಕಚೇರಿಯಲ್ಲಿ ಕೆಲಸ. ಜನ ಕುರಿ ಡಾಕ್ಟರು ಅನ್ನುತ್ತಿದ್ದರು, ಅವನು ಡಾಕ್ಟರೇನೂ ಅಲ್ಲ.

"ಅಕ್ಕಾರ, ನಿಮ್ಮ ಕುರಿ ಉಣ್ಣಿ ದಪ್ಪ ಐತ್ರಿ. ಕಂಬಳಿ ಬಿಟ್ಟರ ಬ್ಯಾರೆ ಯಾವುದಕ್ಕೂ ಬರೂದಿಲ್ಲ. ಈ ಟಗರಿಂದ ಹುಟ್ಟೂ ಮರಿ ಉಣ್ಣಿ ಸಣ್ಣ ಆಕ್ಕೈತಿ. ಮಿಲ್ಲಿನವರು ಮನಿತನಕ ಬಂದು ಒಯ್ತಾರ," ಎಂದ. ಆಮೇಲೆ ರಜಿಸ್ಟರಿನತ್ತ ನೋಡುತ್ತ, "ಒಂದ ಮಾತೈತಿ. ನಿಮ್ಮ ನಾಕೂ ಟಗರಿನ ಬೀಜ ಒಡೀಬೇಕ್ರಿ. ಎರಡೂ ಕೂಡಿದ್ರ ತಳಿ ಕೆಡತೈತಿ. ಗುರುವಾರ ಬಂದು ಒಡೀತೀನಿ," ಎಂದ.

ಪುಕ್ಕಟೆ ಯಾಕೆ ಎಂಬುದು ಕೆಂಚವ್ವನಿಗೆ ಈಗ ತಿಳಿಯಿತು. ನಾಳೆ ಈ ಟಗರು ಸತ್ತರೆ ಮತ್ತೊಂದಕ್ಕೆ ಇವರ ಬಾಗಿಲಿಗೇ ಹೋಗಬೇಕು. ಆಗ ಪುಕ್ಕಟೆ ಕೊಡುತ್ತಾರೋ, ಕೈ ಮುಗಿಸಿಕೊಳ್ಳುತ್ತಾರೋ? ಜೀಪು ಹೋದ ಮೇಲೆ ಗಂಡನಿಗೆ ಕೇಳಿದಳು: "ಉಳ್ಳಾಗಡ್ಡಿ ಸುದ್ದಾ ತಿನ್ನದ ಮಂದಿ ಅವರು. ಕುರಿ ಸುದ್ದಿ ಅವಗ್ಯಾಕ ಬೇಕು?"

"ನೌಕರಿ ಅದು. ನಿನಗ ಎಲ್ಲಾದರಾಗೂ ಸಂಶಾನ," ಎಂದು ಲಗಮಣ್ಣ ನಕ್ಕುಬಿಟ್ಟ. ಅವನು ಅಂಥವನೇ. ಯಾರಾದರೂ ಹೆಗಲ ಮೇಲೆ ಕೈ ಇಟ್ಟು ಮಾತಾಡಿದರೆ ಸಾಕು, ನಂಬಿಬಿಡುತ್ತಿದ್ದ.

ಕೆಂಚವ್ವ ಮೂರು ದಿನ ಯೋಚಿಸಿದಳು. ಸೋಮವಾರ ಮಧ್ಯಾಹ್ನ ಲಗಮಣ್ಣ ಭೂಪಾಲನ ಮನೆಗೆ ಜೋಳ ತರಲು ಹೋದ. ಹಿಂಡಿನಲ್ಲಿ ಎಲ್ಲಕ್ಕಿಂತ ದೊಡ್ಡ ಟಗರೊಂದಿತ್ತು, ಎಡಗೊಂಬು ತುದಿ ಮುರಿದದ್ದು. ಅದರ ಕೊರಳಿಗೆ ಹಗ್ಗ ಹಾಕಿ ಎಳೆದುಕೊಂಡು ಹೋಗಿ ಸದಲಗಾದಲ್ಲಿದ್ದ ತನ್ನ ತಂಗಿ ರುಕ್ಮವ್ವನ ಹಿತ್ತಲಲ್ಲಿ ಕಟ್ಟಿದಳು.

"ಯಾರರ ಕೇಳಿದ್ರ ನಿಂದ ಅನ್ನು," ಎಂದಳು.

"ಮಾವಗ ಹೇಳಿಯೇನು?"

"ಅವರಿಗೆ ಹೇಳಿದ್ರ ಆ ಸಾಹೇಬಗ ತಾವ ಹೋಗಿ ಹೇಳ್ತಾರ."

ಸಂಜೆ ಲಗಮಣ್ಣನಿಗೆ, ತೋಳ ಬಂದಿತ್ತು, ಕೊಂಬು ಮುರಿದ ಟಗರನ್ನು ಎಳೆದುಕೊಂಡು ಹೋಯಿತು ಎಂದಳು. ಅವನು ಬಡಿಗೆ ಹಿಡಿದು ಹೊರಟ. ಎರಡು ದಿನ ಹೊಳೆದಂಡೆಯ ಜಾಲಿ ಕಂಟಿಗಳನ್ನೆಲ್ಲ ಹುಡುಕಿದ. ಎಲುಬಾದರೂ ಸಿಕ್ಕೀತೆಂದು ನೋಡಿದ. ಮುಳ್ಳಿಗೆ ಕೈ ಗೀರಿಸಿಕೊಂಡು ಬಂದು ಕೂತಾಗ ಕೆಂಚವ್ವ ಅರಿಷಿಣ ಹಚ್ಚಿದಳು. ಒಳಗೆ ಚುಚ್ಚಿದಂತಾಯಿತು. ಆದರೂ ಬಾಯಿ ಬಿಡಲಿಲ್ಲ.

ಗುರುವಾರ ಶ್ರೀಪಾಲ ದೊಡ್ಡ ಇಕ್ಕಳ ತಂದು ಮೂರು ಟಗರಿನ ಬೀಜ ಒಡೆದ. "ನಾಕ ಬರದೇನಲ್ರಿ," ಎಂದ.

"ತ್ವಾಳ ಒಯ್ತ್ರಿ," ಎಂದಳು ಕೆಂಚವ್ವ.

"ಹಗಲಾಗ?"

"ಹಗಲಾಗ."

ಅವನು ಆಕೆಯ ಮುಖ ನೋಡಿದ. ರಜಿಸ್ಟರಿನಲ್ಲಿ ಏನೋ ಬರೆದುಕೊಂಡ. ಏನು ಬರೆದ ಎಂಬುದೇ ಆಕೆಗೆ ಎಷ್ಟೋ ದಿನ ಕೊರೆಯಿತು. ಓದು ಬಾರದವರಿಗೆ ಎದುರಿನವರ ಬರಹದಷ್ಟು ಭಯದ ವಸ್ತು ಇನ್ನೊಂದಿಲ್ಲ.

ಅಲ್ಲಿದ್ದ ಎರಡು ತಿಂಗಳಲ್ಲಿ ಕೆಂಚವ್ವ ಇನ್ನೂ ಒಂದು ಕೆಲಸ ಮಾಡಿದಳು. ಕುಂಟುವ ಕುರಿ, ಸೊರಗಿದ ಕುರಿ ಎಂದು ನೆಪ ಹೇಳಿ ಹನ್ನೆರಡನ್ನು ಬೇರೆ ಮಾಡಿ, ತಾನೇ ಮೇಯಿಸುತ್ತೇನೆಂದು ಹೊಳೆಯ ಕಡೆ ಹೊಡೆದುಕೊಂಡು ಹೋಗಿ ರುಕ್ಮವ್ವನ ಹಿತ್ತಲಿನ ಟಗರಿಗೆ ಬಿಟ್ಟಳು. ಉಳಿದವಕ್ಕೆಲ್ಲ ಬಿಳಿ ಟಗರೇ ಗಂಡನಾಯಿತು.

ಹೋಳಿಯ ಹೊತ್ತಿಗೆ ಆ ಟಗರಿನ ಉಣ್ಣೆ ಕತ್ತರಿಸಿದರು. ಲಗಮಣ್ಣ ಅದನ್ನು ಕೆನ್ನೆಗೆ ಒತ್ತಿಕೊಂಡು ಸಣ್ಣ ಕೂಸಿನ ಹಾಗೆ ಕಣ್ಣು ಮುಚ್ಚಿದ. ಕೆಂಚವ್ವನಿಗೂ ಆ ಮೆತ್ತನೆಯ ಸ್ಪರ್ಶ ಹಿತವಾಗಿಯೇ ಇತ್ತು, ಅದನ್ನು ಆಕೆ ಒಪ್ಪಿಕೊಳ್ಳಲಿಲ್ಲ. ರಾಟಿಗೆ ಹಾಕಿದರೆ ಎಳೆ ಜಾರಿತು, ಜಿಗಟು ಬೆರಳಿಗೆ ಅಂಟಿತು, ನೂಲು ಮೊಳದುದ್ದ ಬರುವಷ್ಟರಲ್ಲಿ ಕಡಿಯಿತು. ಹೇಗೋ ನೂತು ದುರಗಪ್ಪನಿಗೆ ಕೊಟ್ಟಳು. ಅವನು ಹುಣಸೆ ಬೀಜದ ಗಂಜಿ ಹಚ್ಚಿ ಎಳೆದು ನೋಡಿ, "ಇದು ಶ್ರೀಮಂತರ ಮೈಮ್ಯಾಲಿನ ಅರಬಿ ಆಗತೈತಿ, ಯವ್ವಾ. ಮಳ್ಯಾಗ ಹೊದ್ದು ಕುರಿ ಕಾಯೂ ಕಂಬಳಿ ಆಗೂದಿಲ್ಲ. ನನ್ನ ಮಗ್ಗಕ್ಕ ಇದು ಹೊಂದೂದಿಲ್ಲ," ಎಂದು ಮರಳಿಸಿದ. ಮನೆತನಕ ಬರುತ್ತಾರೆಂದಿದ್ದ ಮಿಲ್ಲಿನವರೂ ಬರಲಿಲ್ಲ. ಒಂದು ಟಗರಿನ ಉಣ್ಣೆಗೆ ಯಾರು ಬರುತ್ತಾರೆ, ಮರಿಗಳು ಬೆಳೆಯಲಿ ಎಂದ ಲಗಮಣ್ಣ.

ಚೈತ್ರ ವೈಶಾಖದಲ್ಲಿ ಮರಿ ಬಿದ್ದವು. ಬಿಳಿಯವು, ಚುಕ್ಕೆಯವು ಸೇರಿ ಇಪ್ಪತ್ತಾರು. ಕರಿ ಮರಿ ಎಂಟು. ಶ್ರೀಪಾಲ ಊರಿಗೇ ಬಂದು ಪ್ರತಿ ಮರಿಯ ಕಿವಿಗೂ ನಂಬರಿನ ತಗಡು ಹೊಡೆದ. ಒಂದೊಂದು ಚಿಟಿಕೆ ಉಣ್ಣೆ ಕತ್ತರಿಸಿ ಕಾಗದದಲ್ಲಿ ಮಡಚಿ ಪೆಟ್ಟಿಗೆಗೆ ಹಾಕಿಕೊಂಡ. ಕರಿ ಮರಿಗಳ ಮುಂದೆ ಮಾತ್ರ ಬಹಳ ಹೊತ್ತು ಕುಕ್ಕರಗಾಲಲ್ಲಿ ಕೂತ. ಕೆಂಚವ್ವ ಕಂಬಕ್ಕೆ ಒರಗಿ ನಿಂತು ಅವನನ್ನೇ ನೋಡುತ್ತಿದ್ದಳು. ಅವನು ಏನೂ ಕೇಳಲಿಲ್ಲ. ಕೇಳಿದ್ದರೆ ಆಕೆಗೆ ಸಮಾಧಾನವಾಗುತ್ತಿತ್ತು.

"ಕಿವಿಗೆ ನಂಬರ್ ಬಿತ್ತಂದ್ರ ಅದು ನಮ್ಮ ಕುರಿ ಅಲ್ಲ," ಎಂದಳು ಗಂಡನಿಗೆ. "ಒಂದಿನ ಬಂದು ಎಣಿಸಿ ಹೊಡ್ಕೊಂಡ ಹೋಗ್ತಾರ, ನೋಡ್ರಿ."

ಜೂನಿನ ಮಿರ್ಗದ ಮಳೆಗೆ ಮುಂಚೆ ಹಿಂಡು ಮೂಡಲಿಗೆ, ಅಥಣಿಯ ಕಡೆಯ ಒಣಭೂಮಿಗೆ ಹೋಗಬೇಕು. ಚಿಕ್ಕೋಡಿ, ನಿಪ್ಪಾಣಿಯ ಮಳೆ ಕುರಿಗೆ ಆಗಿಬರುವುದಿಲ್ಲ. ಹೊರಡುವ ಒಂದು ವಾರ ಮೊದಲು ಶ್ರೀಪಾಲ ಬಂದು ಎಲ್ಲಕ್ಕೂ ಸೂಜಿ ಹಾಕಿದ. ದಾರಿಯಲ್ಲಿ ಮುಂಚೆ ಹುಲ್ಲುಗಾವಲಿದ್ದ ಕಡೆಯೆಲ್ಲ ಈಗ ಕಬ್ಬು ಎದ್ದಿತ್ತು. ಸುತ್ತು ಹಾಕಿ, ಹೊಲದವರ ಬೈಗುಳ ತಿಂದು, ದಿನಕ್ಕೆ ಎಂಟು ಮೈಲು ನಡೆದರು. ಕರಿ ಮರಿಗಳು ತಾಯಿಯ ಹಿಂದೆ ಚಂಗನೆ ಹೋಗುತ್ತಿದ್ದವು. ಬಿಳಿಯವು ಹಿಂದೆ ಬಿದ್ದು ಒದರುತ್ತಿದ್ದವು. ಲಗಮಣ್ಣ ಎರಡನ್ನು ಹೆಗಲ ಮೇಲೆ, ಕೆಂಚವ್ವ ಒಂದನ್ನು ಸೀರೆಯ ಜೋಳಿಗೆಯಲ್ಲಿ ಹೊತ್ತು ನಡೆದರು.

ಆ ವರ್ಷ ಮಳೆ ಅಥಣಿಯ ತನಕ ಬೆನ್ನು ಹತ್ತಿ ಬಂತು. ಹದಿನೆಂಟು ದಿನ ಜಿಟಿಜಿಟಿ ಬಿಡಲಿಲ್ಲ. ಎರೆ ಮಣ್ಣು ಕಾಲಿಗೆ ಅಂಟಿ ಉಂಡೆಯಾಯಿತು. ಕರಿ ಕುರಿ ಮೈ ಝಾಡಿಸಿದರೆ ನೀರು ಹಾರಿಹೋಗುತ್ತಿತ್ತು. ಬಿಳಿ ಮರಿಗಳ ಒತ್ತಾದ ಉಣ್ಣೆ ನೀರು ಕುಡಿದು ದಿನಗಟ್ಟಲೆ ಆರಲಿಲ್ಲ. ಗೊರಸಿನ ಸಂದಿ ಕೊಳೆಯಿತು. ಆಮೇಲೆ ತುಟಿ ಬಾತು, ನಾಲಿಗೆ ನೀಲಿಯಾಗಿ, ಹಾಲು ಕುಡಿಯಲಾಗದೆ ಒಂದೊಂದೇ ಬಿದ್ದವು. ಹದಿನೇಳು ಮರಿ ಸತ್ತವು. ಬಿಳಿ ಟಗರೂ ಸತ್ತಿತು. ಕೆಂಚವ್ವ ತನ್ನ ಕೈಯಾರೆ ಗುಂಡಿ ತೋಡಿದಳು. ಇಷ್ಟು ದಿನ ಶಾಪ ಹಾಕಿದ ಮರಿಗಳೇ ಆದರೂ, ಜೋಳಿಗೆಯಲ್ಲಿ ಹೊತ್ತಿದ್ದನ್ನು ಮಣ್ಣಿಗೆ ಹಾಕುವಾಗ ಗಟ್ಟಿಯಾಗಿ ಅತ್ತುಬಿಟ್ಟಳು.

"ಸೂಜಿ ಹಾಕಿದ್ದ ಭಾಡ್ಯಾ," ಎಂದಳು. "ಅದರಾಗ ಏನರ ಹಾಕ್ಯಾನ."

"ಸೂಜಿ ಎಲ್ಲಾಕ್ಕೂ ಹಾಕಿದ. ಕರೇವು ಸತ್ತುವೇನ?" ಎಂದ ಲಗಮಣ್ಣ. ಅವನ ದನಿಯಲ್ಲಿ ನಗು ಉಳಿದಿರಲಿಲ್ಲ.

ನವರಾತ್ರಿಯ ಹೊತ್ತಿಗೆ ಊರಿಗೆ ಮರಳಿದರು. ಆಮೇಲೆ ಲಗಮಣ್ಣನ ನಡೆ ಬದಲಾಯಿತು. ವಾರಕ್ಕೊಮ್ಮೆ ಒಗೆದ ಧೋತರ ಉಟ್ಟು, ಕಾಲಿನ ಔಷಧ ತರುತ್ತೇನೆಂದು ಚಿಕ್ಕೋಡಿಗೆ ಹೋಗುತ್ತಿದ್ದ. ಬರುವಾಗ ಕೈ ಖಾಲಿ. ಕೇಳಿದರೆ "ಔಷಧ ಬಂದಿಲ್ಲಂತ" ಎಂದು ಆಚೆ ನೋಡುತ್ತಿದ್ದ. ಒಂದು ದಿನ ಊಟಕ್ಕೆ ಕೈ ತೊಳೆಯಲು ನೀರು ಹಾಕುವಾಗ ಕೆಂಚವ್ವ ಕಂಡಳು, ಅವನ ಎಡಗೈ ಹೆಬ್ಬೆರಳ ತುಂಬ ನೀಲಿ ಮಸಿ.

"ಇದೇನ್ರಿ?"

"ಏನಿಲ್ಲ, ಬಸ್ಸಿನಾಗ ಏನೋ ಹತ್ತೈತಿ."

ಹೆಬ್ಬೆಟ್ಟು ಒತ್ತದೆ ಹೆಬ್ಬೆರಳಿಗೆ ಮಸಿ ಹತ್ತುವುದಿಲ್ಲ ಎಂಬುದನ್ನು ಯಾರೂ ಆಕೆಗೆ ಹೇಳಬೇಕಾಗಿರಲಿಲ್ಲ. ಹಿಂಡನ್ನೇ ಬರೆದುಕೊಟ್ಟನೋ? ಸತ್ತ ಮರಿಗಳಿಗೆ ಬದಲಾಗಿ ಎಂಟು ಕರಿ ಮರಿ ಕೇಳಿದರೋ? ಗಂಡ ಮೋಸಗಾರನಲ್ಲ, ಆದರೆ ಮೋಸ ಹೋಗುವವನು. ಎರಡರಿಂದಲೂ ಮನೆ ಹಾಳಾಗುವುದು ಒಂದೇ ರೀತಿ ಎಂದುಕೊಂಡಳು. ಅಂದಿನಿಂದ ದಿನಕ್ಕೆರಡು ಸಲ ಕುರಿ ಎಣಿಸತೊಡಗಿದಳು.

ಮುಂದಿನ ವಾರ ಅವನು ಹೊರಟ ಮೇಲೆ ಹಿಂಡನ್ನು ನೆರೆಯ ಮಲಕಾರಿಗೆ ಒಪ್ಪಿಸಿ, ಅದರ ಹಿಂದೆ ಬಂದ ಬಸ್ಸು ಹತ್ತಿದಳು. ಚಿಕ್ಕೋಡಿಯಲ್ಲಿ ಕೇಳುತ್ತ ಕೇಳುತ್ತ ಕುರಿ ಕಚೇರಿ ಹುಡುಕಿದಳು. ಕಚೇರಿಯ ಹಿಂದೆ ಬೇವಿನ ಮರದ ಕೆಳಗೆ ಲಗಮಣ್ಣ ಮತ್ತು ಶ್ರೀಪಾಲ ಎದುರುಬದುರು ಕೂತಿದ್ದರು. ನಡುವೆ ಎರಡು ಕಪ್ಪು ಚಹಾ, ಮಸಿಯ ಡಬ್ಬಿ, ಕಾಗದ. ಲಗಮಣ್ಣ ಹೇಳುತ್ತಿದ್ದ, ಶ್ರೀಪಾಲ ಬರೆಯುತ್ತಿದ್ದ.

ಕೆಂಚವ್ವ ಹೋದವಳೇ ಕಾಗದದ ಮೇಲೆ ಕೈಯಿಟ್ಟಳು. "ಏನ ಬರಸ್ಕೊಳಾಕತ್ತೀರಿ? ಹಿಂಡ ನನ್ನ ಕೈಲೆ ಬೆಳದದ್ದು. ಇವರ ಹೆಬ್ಬೆಟ್ಟಿಗೆ ನಾ ಒಪ್ಪೂದಿಲ್ಲ!"

ಲಗಮಣ್ಣನ ಮುಖ ಬಿಳಿಚಿತು. ಶ್ರೀಪಾಲ ಸಿಟ್ಟಾಗಲಿಲ್ಲ. ಕಾಗದವನ್ನು ಮೆಲ್ಲಗೆ ಎಳೆದುಕೊಂಡು, "ಓದ್ತೀನಿ, ಕೇಳ್ರಿ ಅಕ್ಕಾರ," ಎಂದು ಓದಿದ. ನಡೆದು ಮೇಯುವ ಹಿಂಡಿಗೆ ಈ ತಳಿ ಹೊಂದುವುದಿಲ್ಲ, ಮಳೆಗಾಲದಲ್ಲಿ ಇಷ್ಟು ಮರಿ ಈ ಈ ದಿನ ಸತ್ತವು, ಊರ ಟಗರುಗಳ ಬೀಜ ಒಡೆಯುವುದನ್ನು ನಿಲ್ಲಿಸಬೇಕು ಎಂದು ಮೇಲಿನವರಿಗೆ ಬರೆದ ವರದಿ ಅದು. ಐದು ಊರಿನ ಕುರುಬರ ಹೇಳಿಕೆ, ಕೆಳಗೆ ಅವರ ಹೆಬ್ಬೆಟ್ಟು.

"ನನ್ನ ಮುಂದ ಯಾಕ ಹೇಳಲಿಲ್ಲ?" ಎಂದಳು ಕೆಂಚವ್ವ ಗಂಡನಿಗೆ.

ಲಗಮಣ್ಣ ನೆಲ ನೋಡುತ್ತ, "ಮೊದಲ ದಿನಾನ ನೀ ಬ್ಯಾಡಂದಿದ್ದಿ. ಹದಿನೇಳ ಮರಿ ಸತ್ತ ಮ್ಯಾಲ ಯಾವ ಬಾಯಿಲೆ ಹೇಳಲಿ?" ಎಂದ.

ಆಕೆಗೆ ಮರುಕ ಬಂತು. ಅಷ್ಟಕ್ಕೇ ಮುಗಿದಿದ್ದರೆ ಚೆನ್ನಾಗಿತ್ತು. ಶ್ರೀಪಾಲ ಇನ್ನೊಂದು ಹಾಳೆ ತಿರುವಿ ಮುಂದುವರಿಸಿದ: "ಇದ ಹಿಂಡಿನಾಗ ಊರ ತಳಿಯ ಕರಿ ಮರಿ ಎಂಟ. ಅದ ಮಳಿ, ಅದ ಕೆಸರ. ಒಂದೂ ಸತ್ತಿಲ್ಲ. ವರದಿಗೆ ಗಟ್ಟಿ ಆಧಾರ ಅಂದ್ರ ಇದ ನೋಡ್ರಿ. ಸದಲಗಾದಾಗ ರುಕ್ಮವ್ವನ ಆಡಿಗೆ ಔಷಧ ಕೊಡಾಕ ಹೋಗಿದ್ದೆ. ಎಡಗೊಂಬು ಮುರದ ಟಗರು ಹಿತ್ತಲದಾಗ ಮೇಯಾಕತ್ತಿತ್ತು. ನಾ ಅವತ್ತ ತಿಳ್ಕೊಂಡೆ."

ಲಗಮಣ್ಣ ತಲೆಯೆತ್ತಿದ. ಶ್ರೀಪಾಲನನ್ನು ನೋಡಿದ, ಆಮೇಲೆ ಹೆಂಡತಿಯನ್ನು ನೋಡಿದ.

"ತ್ವಾಳ ಒಯ್ತು ಅಂದಿದ್ದಿಯಲ್ಲಾ?"

ಕೆಂಚವ್ವ ಮುಖ ಆಚೆ ತಿರುಗಿಸಿದಳು.

"ಎರಡ ದಿನ ಹುಡುಕೇನಿ ನಾ," ಎಂದ ಅವನು. ಬೈಯಲಿಲ್ಲ, ಕೂಗಲಿಲ್ಲ. ಎದ್ದು ಕಚೇರಿಯ ಮುಂಭಾಗಕ್ಕೆ ನಡೆದುಹೋದ.

ಆಕೆಯ ಸಂಕಟವೆಲ್ಲ ಸಿಟ್ಟಾಗಿ ಶ್ರೀಪಾಲನ ಮೇಲೆ ತಿರುಗಿತು. "ಗೊತ್ತಿದ್ದೂ ಸುಮ್ಮನಿದ್ರಿ. ಯಾವುದು ಸಾಯತೈತಿ, ಯಾವುದು ಉಳೀತೈತಿ ನೋಡ್ಕೋತ ಕುಂತಿದ್ರಿ. ಹೌದಲ್ರಿ?"

ಶ್ರೀಪಾಲ ಪೆನ್ನಿನ ಟೋಪಿ ಹಾಕಿದ, ತೆಗೆದ. "ನಂಗೂ ಮೊದಲಿಂದ ಸಂಶೆ ಇತ್ರಿ, ಈ ತಳಿ ಇಲ್ಲಿ ತಡೀತೈತೋ ಇಲ್ಲೋ ಅಂತ. ಬಾಯಿಲೆ ಹೇಳಿದ್ರ ಯಾರೂ ಕೇಳೂದಿಲ್ಲ. ನೀವು ಟಗರು ಮುಚ್ಚಿಟ್ಟದ್ದು ನನಗ ಅನುಕೂಲ ಆತು. ಮರಿ ಸಾಯಲಿ ಅಂತ ಇರಲಿಲ್ರಿ. ಔಷಧಕ್ಕ ಮೂರ ಸಲ ಬರದೆ, ಬರಲಿಲ್ಲ." ಕಾಗದ ಮಡಚುತ್ತ, "ಆದ್ರ ನೀವಂದದ್ದೂ ಖರೇನ," ಎಂದ.

ಅವನನ್ನು ನಂಬಬೇಕೋ ಬಿಡಬೇಕೋ ಕೆಂಚವ್ವನಿಗೆ ಅಂದೂ ತಿಳಿಯಲಿಲ್ಲ, ಮುಂದೆಯೂ ತಿಳಿಯಲಿಲ್ಲ. ಆದರೆ ಸುಳ್ಳು ಹೇಳಿದವಳು ತಾನೊಬ್ಬಳೇ ಎಂಬುದು ಮಾತ್ರ ಬಸ್ಸಿನ ದಾರಿಯುದ್ದಕ್ಕೂ ತಿಳಿಯುತ್ತ ಹೋಯಿತು. ಲಗಮಣ್ಣ ಮುಂದಿನ ಸೀಟಿನಲ್ಲಿ ಕೂತಿದ್ದ. ತಿರುಗಿ ನೋಡಲಿಲ್ಲ.

ಮರುದಿನವೇ ಆಕೆ ಸದಲಗಾಕ್ಕೆ ಹೋಗಿ ಟಗರನ್ನು ಬಿಚ್ಚಿಕೊಂಡು ಎರಡು ದಿನ ನಡೆದು ಊರಿಗೆ ತಂದಳು. ಲಗಮಣ್ಣ ಅದಕ್ಕೆ ನೀರು ಕುಡಿಸಿದ, ಮೈ ತಡವಿದ, ಹೆಂಡತಿಯ ಜೊತೆ ಮಾತಾಡಲಿಲ್ಲ. ಹತ್ತನೇ ದಿನಕ್ಕೆ ಮಾತು ಶುರುವಾಯಿತು, ಆದರೆ ಬೇರೆ ರೀತಿಯಲ್ಲಿ. ಕುರಿ ಕುಂಟುತ್ತಿದೆ ಎಂದರೆ ತಾನೇ ಹೋಗಿ ಕಾಲೆತ್ತಿ ನೋಡುತ್ತಿದ್ದ. ಮರಿ ಬಿತ್ತು ಎಂದರೆ ಎದ್ದು ಹೋಗಿ ನೋಡಿ ಬರುತ್ತಿದ್ದ. ಹಿಂದೆಲ್ಲ ಆಕೆ ಎಣಿಸಿದರೆ ಆಗುತ್ತಿತ್ತು, ಈಗ ಸಂಜೆ ಆಕೆಯ ಎದುರೇ ತಾನೂ ಎಣಿಸುತ್ತಿದ್ದ. ಯಾರನ್ನೂ ಅನುಮಾನಿಸದ ಮನುಷ್ಯನಿಗೆ ಅನುಮಾನ ಕಲಿಸಿದವಳು ತಾನೇ ಎಂದು ಕೆಂಚವ್ವ ಬಾಯಿ ಮುಚ್ಚಿಕೊಂಡು ಸಹಿಸಿದಳು.

ವರದಿಗೆ ಉತ್ತರ ಬಂತೋ ಇಲ್ಲವೋ ಯಾರಿಗೂ ಗೊತ್ತಾಗಲಿಲ್ಲ. ಶ್ರೀಪಾಲನಿಗೆ ದೂರದ ಊರಿಗೆ ವರ್ಗವಾಯಿತು. ಇಕ್ಕಳ ಹಿಡಿದು ಮತ್ತೆ ಯಾರೂ ಆ ಸೀಮೆಗೆ ಬರಲಿಲ್ಲ ಎಂಬುದಷ್ಟೇ ಖರೆ. ಉಳಿದ ಒಂಬತ್ತು ಬಿಳಿ, ಚುಕ್ಕೆ ಮರಿಗಳಲ್ಲಿ ಏಳು ಹೆಣ್ಣು. ಅವನ್ನು ಕರಿ ಟಗರಿಗೆ ಬಿಟ್ಟಾಗ ಹುಟ್ಟಿದವು ಮಳೆ ತಡೆದವು, ನಡೆದವು. ಉಣ್ಣೆ ಒಂಚೂರು ಮೆತ್ತಗಿತ್ತು. ಎರಡೂ ಬೆರೆಸಿ ನೂತಾಗ ದುರಗಪ್ಪ ಬೇಡ ಅನ್ನಲಿಲ್ಲ. ಹಾಗೆ ನೇಯ್ದ ಹಗುರ ಕಂಬಳಿಯನ್ನು ಭೂಪಾಲನ ಹೆಂಡತಿ ಕಮಲಾಬಾಯಿ ತನಗೊಂದು, ತಾಯಿಗೊಂದು ಇರಲಿ ಎಂದು ಕೇಳಿ ಒಯ್ದಳು. ಅದಕ್ಕಿಂತ ಹೆಚ್ಚು ಗಿರಾಕಿ ಸಿಗಲಿಲ್ಲ. ಪೇಟೆಯಲ್ಲಿ ಮಿಲ್ಲಿನ ಬ್ಲಾಂಕೆಟ್ಟು ಅಗ್ಗವಾಗಿ ಬಂದಿದ್ದವು. ತೊಂಬತ್ತರ ಹೊತ್ತಿಗೆ ದುರಗಪ್ಪ ಎರಡು ಮಗ್ಗದಲ್ಲಿ ಒಂದನ್ನು ಬಿಚ್ಚಿ ಅಟ್ಟಕ್ಕೆ ಹಾಕಿದ.

ತೊಂಬತ್ತೆರಡರ ಕಾರ್ತೀಕದಲ್ಲಿ ಮಿರಜದ ಕಡೆಯಿಂದ ಒಬ್ಬ ವ್ಯಾಪಾರಿ ಟೆಂಪೊ ತಂದು ನಿಲ್ಲಿಸಿದ. ಇಡೀ ಹಿಂಡು ಕೊಡಿ, ಆ ದುಡ್ಡಿಗೆ ಮಾಂಸದ ದೊಡ್ಡ ಜಾತಿಯ ಕುರಿ ತಂದುಕೊಳ್ಳಿ, ಉಣ್ಣೆಯ ಕಾಲ ಮುಗಿಯಿತು ಎಂದ. ಮಲಕಾರಿ ಆಗಲೇ ಹಾಗೆ ಮಾಡಿದ್ದ. ಉಣ್ಣೆ ಕತ್ತರಿಸುತ್ತ ಕೂತಿದ್ದ ಲಗಮಣ್ಣ ಕುರಿಯ ಒಂದು ಮಗ್ಗುಲು ಮುಗಿಸಿದ. ಆಮೇಲೆ ಕತ್ತರಿ ಕೆಳಗಿಟ್ಟು, "ಆಕೀನ್ನ ಕೇಳ್ರಿ," ಎಂದ.

ಆರು ವರ್ಷದಲ್ಲಿ ಅವನು ಹಾಗೆ ಅಂದಿದ್ದು ಅದೇ ಮೊದಲು. ಕೆಂಚವ್ವ ರಾಟಿ ನಿಲ್ಲಿಸಿದಳು. ವ್ಯಾಪಾರಿಯ ಟೆಂಪೊ ನೋಡಿದಳು, ಅವನ ಹೊಸ ಚಪ್ಪಲಿ ನೋಡಿದಳು. ಇಷ್ಟು ಆಸೆ ತೋರಿಸುವವನಿಗೆ ಇದರಲ್ಲಿ ಏನು ಲಾಭ ಎಂಬ ಹಳೆಯ ಪ್ರಶ್ನೆ ನಾಲಿಗೆಯ ತುದಿಗೆ ಬಂತು. ಅದನ್ನು ಒಳಗೇ ಇಟ್ಟುಕೊಂಡು ಗಂಡನ ಕಡೆ ತಿರುಗಿದಳು.

"ಪೂರಾ ಕೊಡೂದು ಬ್ಯಾಡ. ಮೇಯಾಕ ಜಾಗ ಕಡಿಮಿ ಆಗೇತಿ, ಅದು ಖರೆ. ಹದಿನೈದ ಕೊಡೂಣು. ಉಳಿದವು ಇರಲಿ, ದುರಗಪ್ಪನ ಮಗ್ಗ ಇರೂತನ. ಮುಂದಿಂದು ನಂಗೂ ತಿಳಿವಲ್ದು," ಎಂದಳು. "ಯಾವ ಹದಿನೈದು ಅಂತ ನೀವ ಆರಿಸ್ರಿ."

"ನೀನ ಆರಿಸು," ಎಂದ ಲಗಮಣ್ಣ. ಕತ್ತರಿ ಎತ್ತಿಕೊಂಡು ಅರ್ಧ ಉಣ್ಣೆ ಉಳಿದಿದ್ದ ಕುರಿಯನ್ನು ಮಗ್ಗುಲಿಗೆ ಹೊರಳಿಸಿದ.

ಕೆಂಚವ್ವ ಸೆರಗು ಸಿಕ್ಕಿಸಿಕೊಂಡು ಹಿಂಡಿನೊಳಗೆ ಹೋದಳು. ಒಂದೊಂದನ್ನೇ ಮುಟ್ಟಿ, ಹಲ್ಲು ನೋಡಿ, ಬೇರೆ ಮಾಡುತ್ತ ಬಂದಳು. ನಡುನಡುವೆ ಗಂಡನ ಕಡೆ ನೋಡಿದಳು. ಅವನು ತಲೆ ಬಗ್ಗಿಸಿ ಕೆಲಸ ಮಾಡುತ್ತಲೇ ಇದ್ದ. ಎಣಿಸಲು ಎದ್ದು ಬರಲಿಲ್ಲ.